ಗಣಕಯಂತ್ರದ ಹಳೆಯ ಕ್ರಿಕೆಟ್ ಆಟವೂ ಸ್ಮೃತಿಭಾವವೂ

ಚಿಕ್ಕೋಡಿ, ನಿಪ್ಪಾಣಿ, ರಾಯಬಾಗ, ಅಥಣಿ, ಕಾಗವಾಡ ಎಂಬ ಬೆಳಗಾವಿ ಜಿಲ್ಲೆಯ ಊರುಗಳಲ್ಲಿ, ಈಗ ಮೂವತ್ತು ವಯಸ್ಸು ಮೀರಿದವರು ಬಾಲ್ಯದಲ್ಲಿ ಆಡಿದ ಕ್ರಿಕೆಟ್ ವೀಡಿಯೋ ಆಟಗಳನ್ನು ನೆನೆದು ಹಂಬಲಿಸುವುದುಂಟು. ಅವುಗಳಲ್ಲಿ ಮುಖ್ಯವಾದುದು ಇ.ಎ. ಸ್ಪೋರ್ಟ್ಸ್ ಸಂಸ್ಥೆಯು ೨೦೦೬ರ ನವೆಂಬರಿನಲ್ಲಿ ಹೊರಡಿಸಿದ ‘ಕ್ರಿಕೆಟ್ ೦೭’. ಆ ಮಾಲೆಯು ಅಲ್ಲಿಗೇ ನಿಂತುಹೋಯಿತು. ಈ ಹಂಬಲವನ್ನು ಬಾಲಿಶವೆಂದು ವಿದ್ವಾಂಸರು ತಳ್ಳಿಹಾಕುವುದು ಯುಕ್ತವಲ್ಲ. ಭಾವವಿರುವಲ್ಲಿ ಭಾವವಿಚಾರಕ್ಕೂ ಎಡೆಯುಂಟು.

ಆಟವು ಉತ್ತಮವಾಗಿದ್ದುದರಿಂದಲೇ ಅದರ ನೆನಪು ಮಾಸದೆಂದು ಅಭಿಮಾನಿಗಳು ಹೇಳುವರು. ಈ ಮಾತು ಪರೀಕ್ಷೆಗೆ ನಿಲ್ಲದು. ನಿಜನಾಮಗಳನ್ನು ಬಳಸುವ ಅನುಮತಿಯು ಆಸ್ಟ್ರೇಲಿಯಾ, ಇಂಗ್ಲೆಂಡ್ ತಂಡಗಳಿಗೆ ಮಾತ್ರ ದೊರೆತಿದ್ದುದರಿಂದ ಭಾರತದ ಆಟಗಾರರು ಅದರಲ್ಲಿ ವಿಕೃತನಾಮಗಳಿಂದ ಬಂದರು. ಆಗ ತಂಡದ ನಾಯಕರಾಗಿದ್ದ ಕನ್ನಡಿಗ ರಾಹುಲ್ ದ್ರಾವಿಡರಿಗೂ ಸ್ವನಾಮವು ದಕ್ಕಲಿಲ್ಲ. ರಿಚಿ ಬೆನೊ, ಮಾರ್ಕ್ ನಿಕೊಲಸ್ ಇವರ ವೀಕ್ಷಕವಿವರಣೆಯು ಕೆಲವು ಪಂದ್ಯಗಳು ಮುಗಿಯುವಷ್ಟರಲ್ಲಿ ಪುನರುಕ್ತಿಯಾಗಿ ಕೇಳುವವರಿಗೆ ಕಂಠಪಾಠವಾಗುತ್ತಿತ್ತು. ಇವು ದೋಷಗಳೇ ಸರಿ. ಆದರೆ ಸ್ಮರಿಸುವವರು ಮೊದಲು ಸ್ಮರಿಸುವುದು ಇವನ್ನೇ! ಗುಣದಿಂದಲೇ ಹಂಬಲವು ಹುಟ್ಟುವುದಾದರೆ ದೋಷವು ಹೀಗೆ ಪ್ರಿಯವಾಗುವುದು ಹೇಗೆ?

ಭರತಮುನಿಯು ಸ್ಮೃತಿಯನ್ನು ೩೩ ವ್ಯಭಿಚಾರಿಭಾವಗಳಲ್ಲಿ ಎಣಿಸಿರುವನೇ ಹೊರತು ಅದಕ್ಕೆ ಸ್ಥಾಯಿಯ ಪದವಿಯನ್ನು ಕೊಟ್ಟಿಲ್ಲ. ಅದು ಬೇರೊಂದು ಸ್ಥಾಯಿಯನ್ನು ಆಶ್ರಯಿಸಿಯೇ ನಿಲ್ಲಬೇಕು. ಆಡುವಾಗಿನ ಸ್ಥಾಯಿಯು ಉತ್ಸಾಹ. ನೆನೆಯುವಾಗ ಗೆಲ್ಲಬೇಕಾದ ಪಂದ್ಯವಿಲ್ಲ, ಉತ್ಸಾಹವೂ ಇಲ್ಲ, ಉಳಿದಿರುವುದು ಪ್ರೀತಿ. ಅದಕ್ಕೆ ಆಲಂಬನವು ಯಾವುದು? ಒಬ್ಬನು ಕೀಲಿಗಳನ್ನು ಒತ್ತುತ್ತಿರಲು ಅವನ ಬೆನ್ನ ಹಿಂದೆ ನಿಂತು ಸರದಿಗಾಗಿ ಜಗಳವಾಡುತ್ತಿದ್ದ ಗೆಳೆಯರು. ಆಟವು ಉದ್ದೀಪನ ಮಾತ್ರ. ಪಂಪನ ವಿಕ್ರಮಾರ್ಜುನವಿಜಯದಲ್ಲಿ ಬನವಾಸಿಯ ಸ್ಮರಣೆಯನ್ನು ವಾಚಕರು ಇಲ್ಲಿ ನೆನೆಯಬಹುದು. ತಂಗಾಳಿಯೂ ಹಾಡೂ ಅಲ್ಲಿ ಮನಸ್ಸನ್ನು ಕೆಣಕುವುವು. ಹಂಬಲವು ಮಾತ್ರ ಗಾಳಿಯ ಮೇಲಲ್ಲ, ನಾಡಿನ ಮೇಲೆ. ಅಭಿಮಾನಿಗಳು ಗಾಳಿಯನ್ನೇ ನಾಡೆಂದು ಭ್ರಮಿಸಿರುವರು.

ಈ ಊರುಗಳಲ್ಲಿ ಕನ್ನಡವೂ ಮರಾಠಿಯೂ ಒಂದೇ ಬೀದಿಯ ಆಡುಮಾತುಗಳು. ಮನೆಮಾತು ಬೇರೆಯಾದ ಹುಡುಗರು ಬೆನೊ ಅವರ ಇಂಗ್ಲಿಷ್ ವಾಕ್ಯಗಳನ್ನು ಒಟ್ಟಾಗಿ ಅನುಕರಿಸಿ ನಗುವಲ್ಲಿ, ಪುನರುಕ್ತಿಯೆಂಬ ದೋಷವೇ ಅವರಿಗೆ ಸಮಾನವಾದ ಮಾತಾಯಿತು. ಗಡಿಯ ವಿವಾದವನ್ನು ಕುರಿತ ಬರಹಗಳು ರಾಶಿಯಾಗಿವೆ; ಇಂತಹ ಸಂಗತಿಗೆ ಅವುಗಳಲ್ಲಿ ಎಡೆ ದೊರೆತುದು ವಿರಳ.

ಹಾಗಾದರೆ ಯಾವ ಆಟವಾದರೂ ಸಾಕಾಗಿತ್ತಲ್ಲವೆ ಎಂದು ಆಕ್ಷೇಪಿಸಬಹುದು. ಅದು ಸಲ್ಲದು. ಉದ್ದೀಪನಕ್ಕೂ ಯೋಗ್ಯತೆ ಬೇಕು. ಇದರ ಯೋಗ್ಯತೆಯು ಇದರ ಕೊರತೆಯಲ್ಲಿಯೇ ಇದೆ. ವಿಕೃತನಾಮಗಳನ್ನು ಆಡುವವರು ತಾವೇ ತಿದ್ದಿಕೊಂಡರು. ಓಲೆಯ ಅಪಪಾಠವನ್ನು ತಿದ್ದುವ ಸಂಪಾದಕನ ಶ್ರದ್ಧೆಯೇ ಇದೆಂದರೆ ನಗಬೇಕಾದುದಿಲ್ಲ. ೨೦೦೮ರಲ್ಲಿ ಆರಂಭವಾದ ಐಪಿಎಲ್ ತಂಡಗಳು ಕೂಡ ೨೦೦೬ರ ಆ ಆಟದೊಳಗೆ ಅಭಿಮಾನಿಗಳ ಕೈಯಿಂದಲೇ ಸೇರಿದವು. ಇದನ್ನು ಧ್ವನಿಗೆ ಹೋಲಿಸುವ ಆಸೆ ಹುಟ್ಟುವುದು ಸಹಜ. ಆದರೆ ಧ್ವನಿಯಲ್ಲಿ ಕವಿಯು ಬೇಕೆಂದೇ ಮಾತನ್ನು ಬಿಡುವನು; ಇಲ್ಲಿ ಅನುಮತಿ ದೊರೆಯದೆ ಬಿಟ್ಟುಹೋಯಿತು. ಹೋಲಿಕೆಯು ಸಹೃದಯನ ವ್ಯಾಪಾರಕ್ಕೆ ಸಲ್ಲುವುದೇ ಹೊರತು ಕರ್ತೃವಿನ ಪ್ರತಿಭೆಗಲ್ಲ.

ಉದ್ದೀಪನವೊಂದೇ ಸಾಲದೆಂಬುದಕ್ಕೆ ಅನುಭವವೇ ಪ್ರಮಾಣ. ಪುಣೆಯಲ್ಲೋ ಬೆಂಗಳೂರಿನಲ್ಲೋ ಉದ್ಯೋಗದಲ್ಲಿರುವವನು ಅದನ್ನು ಒಬ್ಬನೇ ತೆರೆದಾಗ ಹೆಸರುಗಳೆಲ್ಲ ಶುದ್ಧವಾಗಿರುವುವು. ೨೦೧೫ರಲ್ಲಿ ನಿಧನರಾದ ಬೆನೊ ಅವರ ಧ್ವನಿಯೂ ಹಾಗೆಯೇ ಕೇಳುವುದು. ಆದರೂ ಕೆಲವು ಓವರುಗಳಲ್ಲಿ ಬೇಸರವಾಗುವುದು. ಈ ಭಾವವನ್ನು ಕರುಣದ ಬಳಿಯಲ್ಲಿಡಬೇಕೆ, ವಿಪ್ರಲಂಭದ ಬಳಿಯಲ್ಲಿಡಬೇಕೆ? ಪುನರ್ಮಿಲನದ ಆಸೆ ಅಳಿದಲ್ಲಿ ಕರುಣ, ಉಳಿದಲ್ಲಿ ವಿಪ್ರಲಂಭ ಎಂಬುದು ಶಾಸ್ತ್ರ. ಆ ವಯಸ್ಸು ಮರಳದೆಂಬುದು ನಿಜವಾದರೂ, ಹಬ್ಬಕ್ಕೆ ಊರಿಗೆ ಬಂದ ಗೆಳೆಯರು ಮತ್ತೊಮ್ಮೆ ಯಂತ್ರದ ಮುಂದೆ ಕೂಡುವ ಸಂಭವವಿರುವುದರಿಂದ, ಗೆಳೆತನಕ್ಕೆ ವಿಪ್ರಲಂಭವೆಂಬ ಹೆಸರು ಸಲ್ಲದಿದ್ದರೂ ಅದರ ಲಕ್ಷಣವು ಇಲ್ಲಿ ಸಲ್ಲುವುದೆಂದೇ ಹೇಳತಕ್ಕುದು.