ಬಹುಪದೋಕ್ತಿಗಳ ವ್ಯವಕಲನ: ಅಕ್ಷರ ವಸ್ತುವೋ, ಸಂಖ್ಯೆಯೋ?

ಒಂದಕ್ಕಿಂತ ಹೆಚ್ಚು ಚರಾಕ್ಷರಗಳಿರುವ ಬಹುಪದೋಕ್ತಿಗಳ ವ್ಯವಕಲನವನ್ನು ನಮ್ಮ ತರಗತಿಗಳಲ್ಲಿ ಸಾಮಾನ್ಯವಾಗಿ ಎರಡು ಮಾತುಗಳಲ್ಲಿ ಮುಗಿಸುತ್ತೇವೆ. ‘ಮ ಎಂದರೆ ಮೆಣಸಿನಕಾಯಿ, ಗ ಎಂದರೆ ಗೋವಿನಜೋಳ, ಅವೆರಡನ್ನು ಕೂಡಿಸಲಾಗದು’ ಎಂಬುದು ಒಂದು. ‘ಕಳೆಯುವಾಗ ಚಿಹ್ನೆ ಬದಲಿಸಿ ಕೂಡಿರಿ’ ಎಂಬುದು ಇನ್ನೊಂದು. ಇವುಗಳಿಂದ ಉತ್ತರ ಬೇಗ ಬರುತ್ತದೆ, ನಿಜ. ಆದರೆ ಮೊದಲನೆಯದು ತಪ್ಪು ಕಲ್ಪನೆ. ಎರಡನೆಯದು ಕಾರಣ ಹೇಳದ ಆಜ್ಞೆ.

ಮ ಎಂಬುದು ಮೆಣಸಿನಕಾಯಿಯೇ ಆದರೆ ಮ² ಎಂದರೇನು? ಮ × ಗ ಎಂದರೇನು? ಉತ್ತರವಿಲ್ಲ. ಅಕ್ಷರ ಸೂಚಿಸುವುದು ಸಂಖ್ಯೆಯನ್ನು, ವಸ್ತುವನ್ನಲ್ಲ. 1150ರ ‘ಸಿದ್ಧಾಂತ ಶಿರೋಮಣಿ’ಯ ಭಾಗವಾದ ‘ಬೀಜಗಣಿತ’ದಲ್ಲಿ ಭಾಸ್ಕರಾಚಾರ್ಯರು ಅವ್ಯಕ್ತ ರಾಶಿಗಳನ್ನು ಯಾವತ್ತಾವತ್, ಕಾಲಕ, ನೀಲಕ ಎಂದು ಕರೆದು ಯಾ, ಕಾ, ನೀ ಎಂದು ಬರೆದರು. ವಿಜಾತಿ ಪದಗಳನ್ನು ಬೇರೆಬೇರೆಯಾಗಿಯೇ ಇಟ್ಟರು. ಎರಡು ಅವ್ಯಕ್ತಗಳ ಗುಣಲಬ್ಧಕ್ಕೆ ‘ಭಾವಿತ’ ಎಂಬ ಪ್ರತ್ಯೇಕ ಹೆಸರನ್ನೇ ಬಳಸಿದರು.

ಅವರದೊಂದು ಲೆಕ್ಕ ನೋಡಿ. ಒಬ್ಬನಲ್ಲಿ 5 ಮಾಣಿಕ್ಯ, 8 ನೀಲ, 7 ಮುತ್ತು ಮತ್ತು 90 ಹಣ. ಇನ್ನೊಬ್ಬನಲ್ಲಿ ಕ್ರಮವಾಗಿ 7, 9, 6 ಮತ್ತು 62. ಇಬ್ಬರ ಸಂಪತ್ತೂ ಸಮ. ಒಂದೊಂದು ರತ್ನದ ಬೆಲೆ ಎಷ್ಟು? ಇಲ್ಲಿ ಯಾ ಮಾಣಿಕ್ಯವಲ್ಲ, ಅದರ ಬೆಲೆ.

(7ಯಾ + 9ಕಾ + 6ನೀ + 62) − (5ಯಾ + 8ಕಾ + 7ನೀ + 90) = 2ಯಾ + ಕಾ − ನೀ − 28

ಸಂಪತ್ತು ಸಮವಾದ್ದರಿಂದ ಈ ವ್ಯತ್ಯಾಸ ಸೊನ್ನೆ. ಕಾ = ನೀ = 1 ಎಂದಿಟ್ಟರೆ ಯಾ = 14; ಇಬ್ಬರ ಸಂಪತ್ತೂ 175.

ಇನ್ನು ಚಿಹ್ನೆಯ ಮಾತು. ದೇವರಗುಡ್ಡದ ಒಂದು ಕುಟುಂಬವನ್ನು ಕಲ್ಪಿಸಿಕೊಳ್ಳಿ. ಬ್ಯಾಡಗಿ ಮೆಣಸಿನಕಾಯಿಯ ಬೆಲೆ ಕ್ವಿಂಟಲಿಗೆ ಮ ರೂಪಾಯಿ, ಗೋವಿನಜೋಳದ್ದು ಗ ರೂಪಾಯಿ. ಮನೆಯಲ್ಲಿ 5 ಕ್ವಿಂಟಲ್ ಮೆಣಸಿನಕಾಯಿ, 10 ಕ್ವಿಂಟಲ್ ಗೋವಿನಜೋಳ ಇವೆ. 3 ಕ್ವಿಂಟಲ್ ಗೋವಿನಜೋಳದ ಸಾಲವೂ ಇದೆ. ನಿವ್ವಳ ಆಸ್ತಿ 5ಮ + 7ಗ. ಬೇರೆಯಾಗುವ ತಮ್ಮ 2 ಕ್ವಿಂಟಲ್ ಮೆಣಸಿನಕಾಯಿಯ ಜೊತೆಗೆ ಆ ಸಾಲವನ್ನೂ ವಹಿಸಿಕೊಂಡ. ಅವನ ಪಾಲು 2ಮ − 3ಗ. ಅಣ್ಣನಿಗೆ ಉಳಿದದ್ದು:

(5ಮ + 7ಗ) − (2ಮ − 3ಗ) = 3ಮ + 10ಗ

ಸಾಲ ಕಳೆದರೆ ಆಸ್ತಿ ಹೆಚ್ಚುತ್ತದೆ. ಚಿಹ್ನೆ ಬದಲಾಗುವ ಗುಟ್ಟು ಇಷ್ಟೇ. ಬ್ರಹ್ಮಗುಪ್ತರು 628ರಲ್ಲೇ ಧನ, ಋಣ ಎಂಬ ಪದಗಳಿಂದ ಈ ನಿಯಮ ಹೇಳಿದ್ದರು. ಆ ಪದಗಳು ನಮ್ಮ ಪುಸ್ತಕಗಳಲ್ಲಿ ಇಂದಿಗೂ ಇವೆ. ಅವುಗಳ ಅರ್ಥವನ್ನು ಮಾತ್ರ ನಾವು ಬಳಸಿಕೊಳ್ಳುತ್ತಿಲ್ಲ.

ಆವರಣದ ಮೊದಲ ಪದದ ಚಿಹ್ನೆಯನ್ನಷ್ಟೇ ಬದಲಿಸಿದರೆ 3ಮ + 4ಗ ಬರುತ್ತದೆ. ತಾಳೆ ನೋಡಲು ಮ = 100, ಗ = 10 ಎಂದಿಡಿ: 570 − 170 = 400. ಸರಿಯುತ್ತರದ ಬೆಲೆಯೂ 400, ತಪ್ಪುತ್ತರದ್ದು 340. ಎರಡಕ್ಕೂ 1 ಎಂದಿಟ್ಟು ತಾಳೆ ನೋಡಿದರೆ ಸಾಲದು. ಆಗ 10ಮ + 3ಗ ಎಂಬ ತಪ್ಪುತ್ತರವೂ 13 ಆಗಿ ಪಾರಾಗುತ್ತದೆ.

‘ಸಂಕ್ಷೇಪಿಸಿ’ ಎಂದೊಡನೆ ಒಂದೇ ಪದ ಉಳಿಯಬೇಕೆಂದು ವಿದ್ಯಾರ್ಥಿಗಳು ಭಾವಿಸುವುದುಂಟು. ಉ, ಅ ಎರಡೂ ಉದ್ದದ ಅಳತೆಗಳಾದರೆ ಉ²ಅ, ಉಅ² ಎರಡೂ ಘನಫಲಗಳೇ. ಆದರೂ ಅವು ಸಜಾತಿಯಲ್ಲ: ಉ = 2, ಅ = 3 ಆದಾಗ ಒಂದು 12, ಇನ್ನೊಂದು 18. ಭೌತವಿಜ್ಞಾನದಲ್ಲಿ ಆಯಾಮ ಒಂದೇ ಆದ ಮಾತ್ರಕ್ಕೆ ಬೀಜಗಣಿತದಲ್ಲಿ ಪದಗಳು ಒಂದಾಗುವುದಿಲ್ಲ.

ಆದ್ದರಿಂದ ಶಿಕ್ಷಕರು ವ್ಯವಕಲನಕ್ಕೆ ಮೊದಲು ‘ಮ = ಒಂದು ಕ್ವಿಂಟಲ್ ಮೆಣಸಿನಕಾಯಿಯ ಬೆಲೆ, ರೂಪಾಯಿಗಳಲ್ಲಿ’ ಎಂದು ಕರಿಹಲಗೆಯ ಮೇಲೆ ಪೂರ್ತಿ ಬರೆಯಲಿ. ಈ ಒಂದು ಸಾಲು ಉಳಿಸುವ ಗೊಂದಲ ಮುಂದೆ ಭೌತವಿಜ್ಞಾನದ ಪ್ರತಿ ಸಮೀಕರಣದಲ್ಲೂ ನೆರವಿಗೆ ಬರುತ್ತದೆ.