ಬೆಳ್ಳಂದೂರಿನ ನೀರಿಗಿಳಿದ ವಿಮಾನಗಳು

ಬೆಂಗಳೂರಿನ ಹಳೆಯ ವಿಮಾನ ನಿಲ್ದಾಣಗಳನ್ನು ನೋಡಬೇಕು ಎಂದು ಯಾರಾದರೂ ಕೇಳಿದರೆ ನಾನು ಮೊದಲು ಕರೆದೊಯ್ಯುವುದು ಬೆಳ್ಳಂದೂರು ಕೆರೆಯ ದಂಡೆಗೆ. ಬಂದವರು ನನ್ನ ಮುಖ ನೋಡುತ್ತಾರೆ. ನೊರೆ ಉಕ್ಕಿ ರಸ್ತೆಗೆ ಹಾರಿದ ಕೆರೆ, ನೀರಿನ ಮೇಲೇ ಬೆಂಕಿ ಹೊತ್ತಿಕೊಂಡ ಕೆರೆ ಎಂದಷ್ಟೇ ಅದು ಈಗಿನವರಿಗೆ ಗೊತ್ತು. ಎರಡನೆಯ ಮಹಾಯುದ್ಧದ ದಿನಗಳಲ್ಲಿ ಇದೇ ನೀರಿಗೆ ವಿಮಾನಗಳು ಇಳಿಯುತ್ತಿದ್ದವು. ಕ್ಯಾಟಲೀನಾ ಎಂದು ಅವುಗಳ ಹೆಸರು. ಎರಡು ಎಂಜಿನ್, 104 ಅಡಿ ಅಗಲದ ರೆಕ್ಕೆ, ದೋಣಿಯಂಥ ಹೊಟ್ಟೆ. ಕಡಲ ಮೇಲೆ ಗಂಟೆಗಟ್ಟಲೆ ಗಸ್ತು ತಿರುಗಿ ಶತ್ರುವಿನ ಜಲಾಂತರ್ಗಾಮಿಗಳನ್ನು ಹುಡುಕುವುದು ಅವುಗಳ ಕೆಲಸ. ಕಡಲಿಂದ ಇಷ್ಟು ದೂರದ, 3000 ಅಡಿ ಎತ್ತರದ ಊರಿಗೆ ಅವು ಬರುತ್ತಿದ್ದುದು ರಿಪೇರಿಗೆ.

ರಿಪೇರಿಯ ಕಾರ್ಖಾನೆ ಕೆರೆಯ ಉತ್ತರಕ್ಕಿತ್ತು, ಈಗಲೂ ಇದೆ. ಉದ್ಯಮಿ ವಾಲ್‌ಚಂದ್ ಹೀರಾಚಂದ್ 1940ರ ಡಿಸೆಂಬರ್‌ನಲ್ಲಿ ಹಿಂದೂಸ್ತಾನ್ ಏರ್‌ಕ್ರಾಫ್ಟ್ ಕಂಪನಿ ಕಟ್ಟಿದಾಗ ಮೈಸೂರು ಸಂಸ್ಥಾನ ಬಂಡವಾಳದಲ್ಲಿ ಪಾಲು ಹಾಕಿತು, 700 ಎಕರೆ ನೆಲವನ್ನೂ ಕೊಟ್ಟಿತು. ಆಗ ದಿವಾನರು ಸರ್ ಮಿರ್ಜಾ ಇಸ್ಮಾಯಿಲ್. ಯಂತ್ರಗಳನ್ನೂ ತಜ್ಞರನ್ನೂ ತಂದವರು ಅಮೆರಿಕದ ವಿಲಿಯಂ ಪಾಲಿ. ಮರುವರ್ಷವೇ ಹಾರ್ಲೋ ಎಂಬ ಪುಟ್ಟ ತರಬೇತಿ ವಿಮಾನ ಇಲ್ಲಿ ಜೋಡಣೆಯಾಗಿ ಹಾರಿತು. ಯುದ್ಧ ಹತ್ತಿರವಾದಂತೆ 1942ರಲ್ಲಿ ಭಾರತ ಸರ್ಕಾರ ಕಾರ್ಖಾನೆಯನ್ನು ವಶಕ್ಕೆ ತೆಗೆದುಕೊಂಡಿತು. 1943ರಲ್ಲಿ ಅದನ್ನು ನಡೆಸುವ ಹೊಣೆ ಅಮೆರಿಕದ ವಾಯುಸೇನೆಗೆ ಹೋಯಿತು. ಡಕೋಟಾ, ಲಿಬರೇಟರ್, ಮಿಚೆಲ್, ಕ್ಯಾಟಲೀನಾ ಎಲ್ಲವೂ ಇಲ್ಲಿ ಬಿಚ್ಚಿಸಿಕೊಂಡು, ಎಣ್ಣೆ ಹಚ್ಚಿಸಿಕೊಂಡು, ಮತ್ತೆ ಯುದ್ಧಕ್ಕೆ ಹೊರಟವು.

ಕ್ಯಾಟಲೀನಾದಲ್ಲಿ ಎರಡು ಬಗೆ. ಒಂದಕ್ಕೆ ಮಡಚಿಕೊಳ್ಳುವ ಚಕ್ರಗಳಿದ್ದವು. ಇನ್ನೊಂದು ಅಪ್ಪಟ ದೋಣಿ. ಅದು ನೆಲಕ್ಕೆ ಇಳಿಯಲಾರದು, ನೀರಿಗೇ ಇಳಿಯಬೇಕು. ನಿಂತ ಮೇಲೆ ಬಿಡಿ ಚಕ್ರಗಳನ್ನು ಕಟ್ಟಿ ದಂಡೆಗೆ ಎಳೆದುಕೊಳ್ಳಬೇಕು. ಇಳಿಯುವಾಗ ಮುಂದೆ ಉದ್ದಕ್ಕೂ ನೀರು ಬೇಕು, ಆ ನೀರಿನಾಚೆ ಎತ್ತರದ್ದೇನೂ ಅಡ್ಡ ಇರಬಾರದು. ಗದ್ದೆಗೆ ನೀರು ಹಾಯಿಸಲೆಂದು ಏರಿ ಕಟ್ಟಿ ಮಾಡಿದ, ಸುಮಾರು 900 ಎಕರೆಯ ಕೆರೆಯಲ್ಲಿ ಅದು ಸಿಕ್ಕಿತು. ಇಂಥ ಉಪಯೋಗ ಬೆಂಗಳೂರಿನ ಬೇರೆ ಯಾವ ಕೆರೆಗಾದರೂ ಒದಗಿದ್ದನ್ನು ನಾನು ಕೇಳಿಲ್ಲ. ಹಾಗಾಗಿಯೇ ಬೆಂಗಳೂರಿನ ವಿಮಾನ ಚರಿತ್ರೆಯಲ್ಲಿ ಮೊದಲ ಮಣೆಯನ್ನು ನಾನು ಬೆಳ್ಳಂದೂರಿಗೇ ಹಾಕುತ್ತೇನೆ.

ಹಳೆಯ ವಿಮಾನ ನಿಲ್ದಾಣಗಳ ಹುಡುಕಾಟದಲ್ಲಿ ಇಷ್ಟು ವರ್ಷ ಕಳೆದ ಮೇಲೆ ಒಂದು ಮಾತು ಮನಸ್ಸಿನಲ್ಲಿ ಗಟ್ಟಿಯಾಗಿದೆ. ವಿಮಾನ ನಿಲ್ದಾಣಕ್ಕೆ ನೆಲಕ್ಕಿಂತ ಹೆಚ್ಚಾಗಿ ಆಕಾಶ ಬೇಕು. ವಿಮಾನ ಹದ್ದಿನಂತೆ ಮೇಲಿಂದ ಎರಗುವುದಿಲ್ಲ. ಮೂರು ಡಿಗ್ರಿಯ ಇಳಿಜಾರಿನಲ್ಲಿ, ಅಂದರೆ ಒಂದು ಕಿಲೋಮೀಟರಿಗೆ 50 ಮೀಟರಿನಷ್ಟು ತಗ್ಗುತ್ತ ಬರುತ್ತದೆ. ರನ್‌ವೇಯ ಬೇಲಿಗೆ ಕಾವಲಿಟ್ಟರೆ ಸಾಲದು, ಬೇಲಿಯಾಚೆಯ ಆ ಇಳಿಜಾರನ್ನೂ ಖಾಲಿ ಇಟ್ಟುಕೊಳ್ಳಬೇಕು. ಊರು ಬೆಳೆಯುವಾಗ ಮೊದಲು ಕೈಬಿಟ್ಟು ಹೋಗುವುದು ಕಣ್ಣಿಗೆ ಕಾಣದ ಈ ಆಸ್ತಿಯೇ.

ಎಚ್‌ಎಎಲ್, ಅಂದರೆ ಅದೇ ವಿಮಾನ ಕಾರ್ಖಾನೆಯ ರನ್‌ವೇಯನ್ನು ನಾನು ಮೊದಲು ಕಂಡದ್ದು ಅಪ್ಪನ ಸೈಕಲ್ಲಿನ ಕ್ಯಾರಿಯರ್ ಮೇಲೆ ಕೂತು. ಭಾನುವಾರ ಸಂಜೆ ತಂತಿಬೇಲಿಯ ಪಕ್ಕ ನಿಂತರೆ ಇಂಡಿಯನ್ ಏರ್‌ಲೈನ್ಸ್‌ನ ಬೋಯಿಂಗ್ ತಲೆಯ ಮೇಲೆಯೇ ಹಾದು ಹೋಗುತ್ತಿತ್ತು. ಸದ್ದಿಗೆ ಎದೆ ನಡುಗುತ್ತಿತ್ತು, ಕಡಲೆಕಾಯಿಯ ಪೊಟ್ಟಣ ಕೈಯಲ್ಲೇ ಉಳಿಯುತ್ತಿತ್ತು. ಆ ಪಟ್ಟಿಯ ಮಹತ್ವ ತಿಳಿದದ್ದು ಬಹಳ ತಡವಾಗಿ. ಭಾರತದಲ್ಲೇ ರೂಪಿಸಿದ ಎಚ್‌ಟಿ-2 ತರಬೇತಿ ವಿಮಾನ 1951ರಲ್ಲಿ ಮೊದಲು ನೆಲ ಬಿಟ್ಟದ್ದು ಅಲ್ಲಿಂದ. ಜರ್ಮನಿಯ ಕುರ್ಟ್ ಟ್ಯಾಂಕ್ ಮುಂದಾಳಾಗಿ ರೂಪಿಸಿದ ಮಾರುತ್ ಯುದ್ಧವಿಮಾನ 1961ರ ಜೂನ್ 17ರಂದು ಹಾರಿದ್ದೂ, ತೇಜಸ್ 2001ರ ಜನವರಿ 4ರಂದು ಹಾರಿದ್ದೂ ಅಲ್ಲಿಂದಲೇ. ಮಾರುತ್‌ನ ಆ ಮೊದಲ ಹಾರಾಟ ನಡೆಸಿದವರು ಸುರಂಜನ್ ದಾಸ್. 1970ರ ಜನವರಿಯಲ್ಲಿ ಇಲ್ಲೇ ಮಾರುತ್ ಅಪಘಾತದಲ್ಲಿ ಅವರು ತೀರಿಕೊಂಡರು. ಹಳೆ ಮದ್ರಾಸ್ ರಸ್ತೆಯಿಂದ ವಿಮಾನ ನಿಲ್ದಾಣದ ಕಡೆಗೆ ಬರುವ ರಸ್ತೆಗೆ ಅವರ ಹೆಸರಿದೆ. ದಿನವೂ ಅಲ್ಲಿ ಸಿಗ್ನಲ್‌ಗೆ ಕಾಯುವವರು ಒಮ್ಮೆಯಾದರೂ ಆ ಫಲಕವನ್ನು ಓದಲಿ. ಮಾರತ್ತಹಳ್ಳಿಗೆ ಆ ಹೆಸರು ಮಾರುತ್ ವಿಮಾನದಿಂದ ಬಂತು ಎನ್ನುವವರಿದ್ದಾರೆ. ನಾನು ಒಪ್ಪುವುದಿಲ್ಲ. ವಿಮಾನದಿಂದಲೇ ಹುಟ್ಟಿದ ಚೆಂದದ ಹೆಸರು ಪಕ್ಕದಲ್ಲೇ ಇದೆ: ವಿಮಾನಪುರ. ಇಂಥ ಅಂಚೆ ವಿಳಾಸ ಬೇರೆ ಎಷ್ಟು ಊರಿಗಿದ್ದೀತು?

2008ರ ಮೇ 23ರ ರಾತ್ರಿ ಎಚ್‌ಎಎಲ್ ನಿಲ್ದಾಣದಲ್ಲಿ ಪ್ರಯಾಣಿಕ ವಿಮಾನಗಳು ನಿಂತವು. ಬೆಳಗಾದರೆ ದೇವನಹಳ್ಳಿ. ಹೊಸ ನಿಲ್ದಾಣದ ಒಪ್ಪಂದದಲ್ಲಿ 150 ಕಿಲೋಮೀಟರಿನೊಳಗೆ ಬೇರೆ ನಿಲ್ದಾಣ ಬರಬಾರದೆಂಬ 25 ವರ್ಷಗಳ ಕಟ್ಟುಪಾಡಿತ್ತು, ಆದ್ದರಿಂದ ಹಳೆಯದನ್ನು ಜೊತೆಗಿಟ್ಟುಕೊಂಡು ನಡೆಸಲಾಗಲಿಲ್ಲ. ದೇವನಹಳ್ಳಿ ಬೇಕಾಗಿತ್ತು, ಅದರಲ್ಲಿ ನನಗೆ ಅನುಮಾನವಿಲ್ಲ. ಮೂರು ಕಡೆ ಮನೆಗಳು ಮುತ್ತಿಕೊಂಡ ನಿಲ್ದಾಣ ಇನ್ನೆಷ್ಟು ವಿಮಾನಗಳನ್ನು ತಾಳಬಲ್ಲದು? ಆದರೆ ಆ ರಾತ್ರಿಯಿಂದ ಏರ್‌ಪೋರ್ಟ್ ರಸ್ತೆಯ ಹೆಸರಿಗೆ ಓಲ್ಡ್ ಎಂಬ ಪದ ಸೇರಿಕೊಂಡಿತು. 335-ಇ ಬಸ್ಸಿನಲ್ಲಿ ಓಡಾಡುವ ಹುಡುಗರಿಗೆ ಅದು ಬರೀ ಹೆಸರು. ಗೋಡೆಯಾಚೆ ಮೂರು ಕಿಲೋಮೀಟರಿಗೂ ಉದ್ದದ ರನ್‌ವೇ ಜೀವಂತವಿದೆ, ಪರೀಕ್ಷಾ ಹಾರಾಟಗಳೂ ಖಾಸಗಿ ವಿಮಾನಗಳೂ ಈಗಲೂ ಅದನ್ನು ಬಳಸುತ್ತವೆ ಎಂದರೆ ಅಚ್ಚರಿಪಡುತ್ತಾರೆ.

ಯಲಹಂಕದ ವಾಯುನೆಲೆಯನ್ನು ಯಾರೂ ಮರೆತಿಲ್ಲ. 1996ರಿಂದ ನಡೆಯುತ್ತಿರುವ ಏರ್ ಶೋ ಅದನ್ನು ಮರೆಯಗೊಟ್ಟಿಲ್ಲ. ನನಗೆ ಸಂಕಟವಿರುವುದು ಜಕ್ಕೂರಿನ ಬಗ್ಗೆ. ಮೈಸೂರು ಮಹಾರಾಜರು ಕೊಟ್ಟ 200 ಎಕರೆಗೂ ಮಿಕ್ಕ ನೆಲದಲ್ಲಿ ಸ್ವಾತಂತ್ರ್ಯ ಬಂದ ಹೊಸತರಲ್ಲಿ ಸರ್ಕಾರಿ ವಿಮಾನ ಹಾರಾಟ ತರಬೇತಿ ಶಾಲೆ ಶುರುವಾಯಿತು. ಅದರ ಮುಖ್ಯಸ್ಥರು ವಿ. ಸುಂದರಂ. 1949ರಲ್ಲಿ ಅಲ್ಲಿಂದ ಮೊದಲು ಪಾಸಾಗಿ ಬಂದವರು ಅವರ ಹೆಂಡತಿ ಉಷಾ ಸುಂದರಂ. ಗಂಡ ಹೆಂಡತಿ ಇಬ್ಬರೂ ಕೂಡಿ ಮಹಾರಾಜರ ಡಕೋಟಾ ಹಾರಿಸಿದವರು. ಹೆಣ್ಣುಮಕ್ಕಳು ಬಸ್ಸಿನ ಸ್ಟಿಯರಿಂಗ್ ಹಿಡಿಯುವುದನ್ನೂ ಊಹಿಸದ ಕಾಲದಲ್ಲಿ ಈ ಊರಿನ ಸರ್ಕಾರಿ ಶಾಲೆಯ ಮೊದಲ ಪೈಲಟ್ ಒಬ್ಬ ಹೆಣ್ಣುಮಗಳು. ಇದು ನಮ್ಮ ಪಠ್ಯಪುಸ್ತಕಗಳಲ್ಲಿ ಇರಬೇಕಾದ ಸಂಗತಿ.

ಬಳ್ಳಾರಿ ರಸ್ತೆಯ ಪಕ್ಕದ ಆ ಬಯಲಿನ ನೆಲವನ್ನು ಯಾರೂ ಕಿತ್ತುಕೊಳ್ಳಲಿಲ್ಲ. ಹೋದದ್ದು ಅದರ ಆಕಾಶ. ದೇವನಹಳ್ಳಿಗೆ ಬೇಗ ತಲುಪಲೆಂದು ಹೆಬ್ಬಾಳದಾಚೆ ಕಂಬಗಳ ಮೇಲೆ ಎತ್ತರದ ರಸ್ತೆ ಕಟ್ಟಿದರು. ಅದು ಜಕ್ಕೂರು ರನ್‌ವೇಯ ಪಶ್ಚಿಮ ತುದಿಗೆ ಎದುರಾಗಿ ನಿಂತಿತು. ಮೊದಲೇ ಗಿಡ್ಡದಾಗಿದ್ದ ರನ್‌ವೇಯಲ್ಲಿ ಇನ್ನೊಂದಷ್ಟು ಭಾಗ ಬಳಕೆಗೆ ಬಾರದಾಯಿತು. ಒಂದು ವಿಮಾನ ನಿಲ್ದಾಣಕ್ಕೆ ಹೋಗುವ ದಾರಿ ಇನ್ನೊಂದರ ಉಸಿರು ಕಟ್ಟಿಸಿತು. ರಸ್ತೆಯ ನಕ್ಷೆ ಬರೆಯುವಾಗಲೇ ಇದನ್ನು ಲೆಕ್ಕ ಹಾಕಬಹುದಿತ್ತು. ಇದು ತಪ್ಪು, ನೇರವಾಗಿಯೇ ಹೇಳುತ್ತೇನೆ. ಇನ್ನು ಮುಂದೆ ಜಕ್ಕೂರಿನ ಸುತ್ತ ಏಳುವ ಪ್ರತಿ ಮಹಡಿಗೂ ಮುಂಚೆ ಆ ಇಳಿಜಾರಿನ ಲೆಕ್ಕ ಆಗಬೇಕು.

ಬೆಳ್ಳಂದೂರಿಗೆ ಮರಳುತ್ತೇನೆ. ಹೂಳೆತ್ತಿ ಬೇಲಿ ಹಾಕುವ ಕೆಲಸದ ಜೊತೆ, ದಂಡೆಯ ಮೇಲೆ ಒಂದು ಕಲ್ಲು ನೆಡಲಿ. ಇಲ್ಲಿ ಕ್ಯಾಟಲೀನಾಗಳು ಇಳಿದವು ಎಂದು ಕನ್ನಡದಲ್ಲಿ ಒಂದು ಸಾಲು ಬರೆಸಿದರೆ ಸಾಕು. ಇನ್ನೊಂದು ಕೋರಿಕೆ ನಿಮ್ಮಲ್ಲಿ. ಬೆಂಗಳೂರಿನ ಪೂರ್ವದ ಹಳ್ಳಿಗಳಿಂದ ಆ ದಿನಗಳಲ್ಲಿ ವಿಮಾನ ಕಾರ್ಖಾನೆಗೆ ಕೆಲಸಕ್ಕೆ ಹೋದವರ ಮಕ್ಕಳು, ಮೊಮ್ಮಕ್ಕಳು ಈ ಅಂಕಣದ ಓದುಗರಲ್ಲಿ ಖಂಡಿತ ಇದ್ದೀರಿ. ಮನೆಯ ಟ್ರಂಕಿನಲ್ಲಿ ಆ ಕಾಲದ ಫೋಟೋ, ಹಾಜರಿ ಬಿಲ್ಲೆ, ಪಾಸು ಏನಾದರೂ ಇದ್ದರೆ ಗುಜರಿಗೆ ಹಾಕಬೇಡಿ. ಮನೆಯ ಹಿರಿಯರನ್ನು ಕೇಳಿ ಹೆಸರು, ಊರು, ಇಸವಿಗಳನ್ನು ಫೋಟೋದ ಹಿಂಬದಿಯಲ್ಲಿ ಪೆನ್ಸಿಲಿನಲ್ಲಿ ಇವತ್ತೇ ಬರೆದಿಡಿ.