ಮುಯ್ಯಿ ಇಲ್ಲದ ಆಕಾಶ

ವಿಡಿಯೋ ಗೇಮುಗಳ ಬಗ್ಗೆ ಕನ್ನಡದಲ್ಲಿ ಸಾಮಾನ್ಯವಾಗಿ ಎರಡೇ ಮಾತು ಕೇಳಿಬರುತ್ತವೆ: ಮಕ್ಕಳು ಕೆಡುತ್ತಿದ್ದಾರೆ ಎನ್ನುವುದು ಒಂದು, ಆ ಉದ್ಯಮದಲ್ಲಿ ಕೋಟಿಗಟ್ಟಲೆ ದುಡ್ಡಿದೆ ಎನ್ನುವುದು ಇನ್ನೊಂದು. ಆಟದ ಒಳಗೆ ಏನು ನಡೆಯುತ್ತದೆ ಎಂಬುದನ್ನು ಕಾದಂಬರಿಯನ್ನೋ ಸಿನಿಮಾವನ್ನೋ ನೋಡುವ ಹಾಗೆ ಕೂತು ನೋಡಿದವರು ಕಡಿಮೆ. ನಾನು ಇಲ್ಲಿ ನೋಡಹೊರಟಿರುವುದು ‘ನೋ ಮ್ಯಾನ್ಸ್ ಸ್ಕೈ’ ಎಂಬ ಒಂದು ಆಟವನ್ನು, ಅದರಲ್ಲೂ ಒಂದೇ ಸಂಗತಿಯನ್ನು: ಆ ಆಕಾಶದಲ್ಲಿ ಒಬ್ಬರ ಕೈಯಿಂದ ಇನ್ನೊಬ್ಬರ ಕೈಗೆ ಸಾಮಾನು ಹೇಗೆ ದಾಟುತ್ತದೆ.

ಈ ಆಟವನ್ನು ಮಾಡಿದ ಹಲೋ ಗೇಮ್ಸ್ ಎಂಬ ಪುಟ್ಟ ತಂಡ ಇರುವುದು ಇಂಗ್ಲೆಂಡಿನ ಗಿಲ್ಡ್‌ಫರ್ಡಿನಲ್ಲಿ. ನಾನಿರುವ ರೆಡಿಂಗಿನಿಂದ ಅದು ರೈಲಿನಲ್ಲಿ ಹೆಚ್ಚೆಂದರೆ ಮುಕ್ಕಾಲು ಗಂಟೆ. ಬಿಡುಗಡೆಯಾದದ್ದು 2016ರ ಆಗಸ್ಟಿನಲ್ಲಿ. ಅದರೊಳಗಿನ ಗ್ರಹಗಳ ಸಂಖ್ಯೆ 2ರ 64ನೇ ಘಾತ. ಬರೆದರೆ ಇಪ್ಪತ್ತು ಅಂಕಿ. ಅಷ್ಟನ್ನೂ ಯಾರೂ ಕೂತು ಚಿತ್ರಿಸಿಲ್ಲ, ಒಂದು ಬೀಜಸಂಖ್ಯೆಯಿಂದ ಗಣಿತವೇ ಬೆಟ್ಟ, ಕಡಲು, ಪ್ರಾಣಿ, ನೌಕೆಗಳನ್ನೆಲ್ಲ ಹುಟ್ಟಿಸುತ್ತದೆ. ಬಿಡುಗಡೆಯ ಹೊಸತರಲ್ಲೇ ಇಬ್ಬರು ಆಟಗಾರರು ಹೊಂಚಿ ಒಂದೇ ಗ್ರಹದ ಒಂದೇ ಜಾಗಕ್ಕೆ ಹೋಗಿ ನಿಂತರು. ಒಬ್ಬರಿಗೊಬ್ಬರು ಕಾಣಲಿಲ್ಲ. ಜನ ರೊಚ್ಚಿಗೆದ್ದರು. ಮರುವರ್ಷ ಇನ್ನೊಬ್ಬ ಆಟಗಾರ ಒಂದು ತೇಲುವ ಬೆಳಕಿನ ಗೋಳವಾಗಿ ಕಾಣತೊಡಗಿದ. 2018ರ ಜುಲೈನಲ್ಲಿ ಅವನಿಗೆ ಕೈಕಾಲು ಬಂದವು. 2019ರಲ್ಲಿ ಅಪರಿಚಿತರೆಲ್ಲ ಸೇರುವ ಸಂತೆಯಂಥ ಜಾಗವೊಂದು ‘ಅನಾಮಲಿ’ ಎಂಬ ನಿಲ್ದಾಣದೊಳಗೆ ತೆರೆಯಿತು. ಅದೇ ವರ್ಷ ಅಭಿಮಾನಿಗಳು ಚಂದಾ ಎತ್ತಿ ಗಿಲ್ಡ್‌ಫರ್ಡಿನಲ್ಲಿ ತಂಡದ ಕಚೇರಿ ಹತ್ತಿರ ಧನ್ಯವಾದದ ಫಲಕ ಹಾಕಿಸಿದರು. ಬೈದವರೇ ಬಂದು ಹಾರ ಹಾಕುವುದು ನಮ್ಮ ಊರುಗಳಿಗೆ ಹೊಸದಲ್ಲ, ಆಂಗ್ಲರ ಊರಿನಲ್ಲಿ ಅಷ್ಟು ಸಾಮಾನ್ಯವಲ್ಲ.

2020ರಿಂದ ಬೇರೆಬೇರೆ ಯಂತ್ರಗಳಲ್ಲಿ ಆಡುವವರೂ ಒಟ್ಟಿಗೆ ಸೇರಬಹುದು. ಹಾಗಾಗಿ ತುಮಕೂರಿನಲ್ಲಿ ಇಂಜಿನಿಯರಿಂಗ್ ಓದುತ್ತಿರುವ ನನ್ನ ಅಕ್ಕನ ಮಗ ತನ್ನ ಕಂಪ್ಯೂಟರಿನಲ್ಲಿ, ನಾನು ನನ್ನ ಟಿವಿಗೆ ಹಾಕಿದ ಪೆಟ್ಟಿಗೆಯಲ್ಲಿ, ಶನಿವಾರ ಅವನ ರಾತ್ರಿ ನನ್ನ ಸಂಜೆ ಕೂಡುತ್ತೇವೆ. ಫೋನಿನಲ್ಲಿ ಅವನು ನನ್ನೊಂದಿಗೆ ಆಡುವುದು ಮೂರೇ ಮಾತು: ‘ಹೂಂ ಮಾವ’, ‘ಚೆನ್ನಾಗಿದೀನಿ ಮಾವ’, ‘ಅಮ್ಮಂಗೆ ಕೊಡ್ತೀನಿ’. ಆಟದಲ್ಲಿ ಕಲ್ಲು ಒಡೆಯುತ್ತಾ ಎರಡು ಗಂಟೆ ಮಾತಾಡುತ್ತಾನೆ. ಪರೀಕ್ಷೆ, ಹಾಸ್ಟೆಲು, ಅಪ್ಪನ ಸಕ್ಕರೆ ಕಾಯಿಲೆ ಎಲ್ಲವೂ ಅಲ್ಲೇ ಬರುತ್ತವೆ. ಆದ್ದರಿಂದ ಈ ಆಟದಲ್ಲಿ ಯಾರು ಯಾರಿಗೆ ಏನು ಕೊಡುತ್ತಾರೆ ಎಂಬುದು ನನಗೆ ಬರೀ ಸಿದ್ಧಾಂತದ ಪ್ರಶ್ನೆಯಲ್ಲ.

ಆಟ ಶುರುವಾಗುವುದು ಬಡತನದಲ್ಲಿ. ಯಾವುದೋ ವಿಷದ ಗಾಳಿಯ ಗ್ರಹದಲ್ಲಿ ಕಣ್ಣು ಬಿಡುತ್ತೀರಿ, ಪಕ್ಕದಲ್ಲಿ ಮುರಿದ ನೌಕೆ. ಕಬ್ಬಿಣದ ಪುಡಿ ಕೆರೆದು ಶುದ್ಧ ಮಾಡಬೇಕು, ಇಂಧನ ಬೇಯಿಸಬೇಕು, ಒಂದೊಂದು ಬಿಡಿಭಾಗ ಜೋಡಿಸಬೇಕು. ನೌಕೆ ಮೊದಲ ಸಲ ನೆಲ ಬಿಡುವಾಗ ಆಗುವ ಸಂತೋಷ ಈ ಕೂಲಿಯಿಂದ ಬಂದದ್ದು. ಆಟದ ತಯಾರಕರು ಇಲ್ಲಿ ಬಹಳ ಸೂಕ್ಷ್ಮವಾಗಿ ಕೆಲಸ ಮಾಡಿದ್ದಾರೆ: ಏನು ಕಡಿಮೆಯಿದೆ ಎಂದು ಗೊತ್ತಾಗುವಷ್ಟು ಕೊಡುತ್ತಾರೆ, ಸಾಕು ಎನ್ನುವಷ್ಟು ಕೊಡುವುದಿಲ್ಲ.

ಆಮೇಲೆ ಅನಾಮಲಿಗೆ ಹೋಗುತ್ತೀರಿ. ಅಲ್ಲಿ ಹೊಸಬನ ಚೀಲಕ್ಕೆ, ಕೇಳದೆಯೇ, ಯಾರೋ ಒಬ್ಬರು ಒಂದಷ್ಟು ವಸ್ತು ಹಾಕಿ ಹೋಗುವುದುಂಟು. ‘ಸ್ಟೇಸಿಸ್ ಡಿವೈಸ್’ ಎಂಬ ಒಂದು ಸಾಮಾನಿನ ಬೆಲೆ ಸುಮಾರು ಒಂದೂವರೆ ಕೋಟಿ ಯೂನಿಟ್. ಅದನ್ನು ನೀವೇ ತಯಾರಿಸಬೇಕೆಂದರೆ ಹತ್ತಾರು ಸೂತ್ರ ಕಲಿತು, ಹಲವು ಗ್ರಹಗಳ ಅನಿಲ, ಗಿಡ, ಲೋಹ ಕೂಡಿಸಬೇಕು. ನನ್ನ ಅಳಿಯನಿಗೆ ಆಟದ ಮೂರನೆಯ ವಾರ ಹೀಗೆ ಹತ್ತು ಬಿದ್ದವು. ಕೊಟ್ಟಾತ ಒಮ್ಮೆ ಕೈಬೀಸಿ ಮಾಯವಾದ. ಹುಡುಗ ಮಾರಿದ, ಅದೇ ರಾತ್ರಿ ದೊಡ್ಡ ನೌಕೆ ಕೊಂಡ, ಮುಂದಿನ ಶನಿವಾರ ಬಂದು, ‘ಇನ್ನೇನ್ ಮಾಡೋದು ಮಾವ?’ ಎಂದ. ಅದರ ಮುಂದಿನ ಎರಡು ಶನಿವಾರ ಬರಲಿಲ್ಲ.

ಕೊಟ್ಟವನನ್ನು ಕೆಟ್ಟವನೆನ್ನಲಾರೆ. ಆದರೆ ಆ ಕೊಡುಗೆಯಲ್ಲಿ ಏನೋ ಒಂದು ತಪ್ಪಿಹೋಗಿದೆ, ಮತ್ತು ಅದಕ್ಕೆ ನಮ್ಮಲ್ಲಿ ಹೆಸರಿದೆ: ಮುಯ್ಯಿ. ಮದುವೆಯ ಚಪ್ಪರದಲ್ಲಿ ಒಬ್ಬರು ಪುಸ್ತಕ ಹಿಡಿದು ಕೂತು ಯಾರು ಎಷ್ಟು ಮುಯ್ಯಿ ಮಾಡಿದರು ಎಂದು ಬರೆದಿಡುತ್ತಿದ್ದರು. ಮುಂದೆ ಅವರ ಮನೆಯ ಕಾರ್ಯಕ್ಕೆ ಅಷ್ಟು, ಆದರೆ ಒಂದು ರೂಪಾಯಿ ಹೆಚ್ಚು, ಹಿಂತಿರುಗಬೇಕು. ಗದ್ದೆಯಲ್ಲಿ ಮುಯ್ಯಾಳು: ಇವತ್ತು ನಿಮ್ಮ ನಾಟಿಗೆ ನಾವು, ನಾಳೆ ನಮ್ಮದಕ್ಕೆ ನೀವು. ಇದರಲ್ಲಿ ಲೆಕ್ಕಾಚಾರವಿದೆ, ಕೆಲವೊಮ್ಮೆ ಸಣ್ಣತನವೂ ಇದೆ. ಆದರೆ ಲೆಕ್ಕ ತೀರದೆ ಉಳಿಯುವುದರಿಂದಲೇ ಎರಡು ಮನೆಗಳ ನಡುವೆ ದಾರಿ ಸವೆಯುತ್ತದೆ. ಅನಾಮಲಿಯ ದಾನಿಗೆ ಏನನ್ನೂ ಹಿಂತಿರುಗಿಸಲಾಗದು. ಅವನಿಗೆ ಬೇಕಾದದ್ದು ಯಾವುದೂ ನಿಮ್ಮಲ್ಲಿಲ್ಲ, ಅವನು ಮತ್ತೆ ಸಿಗುವುದೂ ಇಲ್ಲ.

ಇಷ್ಟೇ ಆಗಿದ್ದರೆ ಈ ಆಟದ ಬಗ್ಗೆ ಬರೆಯುವ ಅಗತ್ಯವಿರಲಿಲ್ಲ. ಅದರಲ್ಲಿ ಹಂಚಿಕೊಳ್ಳುವ ಇನ್ನೊಂದು ದಾರಿಯಿದೆ, ನನಗೆ ಅದು ಬಹಳ ದೊಡ್ಡ ಕಲ್ಪನೆ ಅನ್ನಿಸುತ್ತದೆ. ನಿಮ್ಮ ನೌಕೆಯನ್ನು ನೀವು ಯಾರಿಗೂ ಕೊಡಲಾರಿರಿ, ಕಲಿತ ಸೂತ್ರವನ್ನೂ ಕೊಡಲಾರಿರಿ. ಆದರೆ ಅದು ಸಿಕ್ಕ ಜಾಗದ ವಿಳಾಸ ಹೇಳಬಹುದು. ಎಲ್ಲರ ವಿಶ್ವವೂ ಒಂದೇ ಬೀಜದಿಂದ ಹುಟ್ಟಿದ್ದರಿಂದ, ಒಂದು ನಕ್ಷತ್ರದ ಬಳಿ ನನಗೆ ಕಂಡ ಕೆಂಪು ರೆಕ್ಕೆಯ ನೌಕೆ ಅಲ್ಲಿಗೆ ಬಂದ ಯಾರಿಗೂ ಸಿಗುತ್ತದೆ. ನಾನು ಕೊಂಡರೂ ಅಲ್ಲಿ ಮುಗಿಯುವುದಿಲ್ಲ. ಇದು ದಾನವಲ್ಲ, ಹೆಪ್ಪು. ಪಕ್ಕದ ಮನೆಗೆ ಒಂದು ಚಮಚ ಹೆಪ್ಪು ಕೊಟ್ಟರೆ ನಮ್ಮ ಮೊಸರೇನೂ ಕರಗುವುದಿಲ್ಲ, ಆದರೆ ಹಾಲು ಕಾಯಿಸಿ ಆರಿಸುವ ಕೆಲಸ ಅವರದೇ. ಪರದೇಶಕ್ಕೆ ಬಂದ ಮೊದಲ ವಾರ ಯಾರ ಮನೆಯಿಂದಲೋ ಹೆಪ್ಪು ತಂದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಆ ಕೆಲಸವನ್ನೂ ಆಟ ಚೆನ್ನಾಗಿ ಹೆಣೆದಿದೆ. ವಿಳಾಸ ಎಂದರೆ 12 ಚಿಹ್ನೆಗಳ ಒಂದು ಸಾಲು, ಗ್ರಹಗಳ ಮೇಲಿನ ಕಲ್ಲಿನ ಮಹಾದ್ವಾರಗಳಲ್ಲಿ ಒತ್ತಬೇಕಾದದ್ದು. ಒಟ್ಟು ಚಿಹ್ನೆಗಳು 16. ಅವನ್ನು ಒಬ್ಬರು ಇನ್ನೊಬ್ಬರಿಗೆ ಕೊಡುವಂತಿಲ್ಲ. ನಿಲ್ದಾಣಗಳಲ್ಲಿ ಸಿಗುವ ‘ಟ್ರಾವೆಲರ್’ ಎಂಬ ವಿಚಿತ್ರ ಪಯಣಿಗರನ್ನು, ನೀನು ಎಲ್ಲಿಂದ ಬಂದೆ ಎಂದು ಕೇಳಿದರೆ, ಅವರು ತಮ್ಮ ಸಮಾಧಿಯ ದಾರಿ ತೋರಿಸುತ್ತಾರೆ. ಅಲ್ಲಿಗೆ ಹೋಗಿ ನಿಂತರೆ ಒಂದು ಚಿಹ್ನೆ ಸಿಗುತ್ತದೆ. (ಕಥೆಯ ಮುಖ್ಯ ದಾರಿಯಲ್ಲಿ ಹೋದವರಿಗೂ ಕ್ರಮೇಣ ಸಿಗುತ್ತವೆ, ಆದರೆ ಸಮಾಧಿಯ ದಾರಿಯೇ ಚೆಂದ.) ವಿಳಾಸ ಮುಟ್ಟಿದ ಮೇಲೂ ಕಾಯಬೇಕು. ಬಯಸಿದ ನೌಕೆ ಬಂದು ಇಳಿದರೂ ಅದರ ದರ್ಜೆ ಸಿ, ಬಿ, ಎ, ಎಸ್‌ಗಳಲ್ಲಿ ಯಾವುದೂ ಆಗಿರಬಹುದು. ಎಸ್ ತೀರಾ ಅಪರೂಪ. ಇಬ್ಬರು ಅಪರಿಚಿತರು ಒಂದೇ ನಿಲ್ದಾಣದ ಕಟ್ಟೆಯ ಮೇಲೆ, ಕೆಂಪು ಬಸ್ಸಿಗೆ ಕಾದಂತೆ ಕಾಯುವುದನ್ನು ನೋಡಿದ್ದೇನೆ.

ಬೇರೆ ಆಟಗಳ ಪಕ್ಕದಲ್ಲಿಟ್ಟರೆ ಇದರ ವಿಶೇಷ ಸ್ಪಷ್ಟವಾಗುತ್ತದೆ. ಐಸ್‌ಲ್ಯಾಂಡಿನ ‘ಈವ್ ಆನ್‌ಲೈನ್’ 2003ರಿಂದ ನಡೆಯುತ್ತಿದೆ. ಅಲ್ಲಿ ಒಡೆದ ನೌಕೆ ಶಾಶ್ವತವಾಗಿ ಹೋಯಿತು. 2014ರ ಜನವರಿಯ ಒಂದು ಯುದ್ಧದಲ್ಲಿ ನಾಶವಾದ ನೌಕೆಗಳ ಮೌಲ್ಯ ನಿಜವಾದ ಹಣದಲ್ಲಿ ಸುಮಾರು 3 ಲಕ್ಷ ಡಾಲರ್ ಎಂದು ಅಂದಾಜು ಮಾಡಿದರು. ಆದ್ದರಿಂದ ಅಲ್ಲಿ ದೊಡ್ಡ ಕೂಟಗಳು ತಮ್ಮ ಯುದ್ಧದಲ್ಲಿ ನೌಕೆ ಕಳೆದುಕೊಂಡವರಿಗೆ ನಷ್ಟ ತುಂಬಿಕೊಡುತ್ತವೆ. ಮುಂದಿನ ಕರೆ ಬಂದಾಗ ಬರಬೇಕು. ಅದು ಅಪ್ಪಟ ಮುಯ್ಯಿ, ಅದರ ಜುಲುಮೆಯೂ ಸೇರಿ. ಕೇಂಬ್ರಿಜ್‌ನ ‘ಎಲೀಟ್ ಡೇಂಜರಸ್’ ಇನ್ನೊಂದು ತುದಿ: ಒಬ್ಬರ ಹಣ ಇನ್ನೊಬ್ಬರಿಗೆ ನೇರವಾಗಿ ವರ್ಗವಾಗದು, ಸರಕನ್ನು ಶೂನ್ಯಕ್ಕೆ ಎಸೆದು ಇನ್ನೊಬ್ಬರು ಹೆಕ್ಕಿಕೊಳ್ಳಬೇಕು. ಆ ಬಿಗಿಯಲ್ಲೇ ‘ಫ್ಯೂಯಲ್ ರ‍್ಯಾಟ್ಸ್’ ಎಂಬ ಸ್ವಯಂಸೇವಕರ ದಂಡು ಹುಟ್ಟಿತು. ಇಂಧನ ಮುಗಿದು ಸಿಕ್ಕಿಬಿದ್ದವರು ಕೂಗಿದರೆ ಅವರು ನಕ್ಷತ್ರಗಳನ್ನು ದಾಟಿ ಬಂದು ಇಂಧನ ತುಂಬಿ ಹೋಗುತ್ತಾರೆ, ಬಿಡಿಗಾಸು ಮುಟ್ಟುವುದಿಲ್ಲ. ಉಸಿರಿನ ಗಡಿಯಾರ ಓಡುತ್ತಿದ್ದರೆ ತಕ್ಷಣ ಆಟದಿಂದ ಹೊರಗೆ ಹೋಗಿ ಕಾಯಿ ಎನ್ನುತ್ತಾರೆ. ಅವರು ಕೊಡುವುದು ಮುಂದಿನ ನಿಲ್ದಾಣ ಮುಟ್ಟುವಷ್ಟು ಮಾತ್ರ. ಅನಾಮಲಿಯ ಕೋಟಿಗಿಂತ ಆ ಒಂದೆರಡು ಟನ್ ಇಂಧನದ ತೂಕ ಹೆಚ್ಚು.

ನೋ ಮ್ಯಾನ್ಸ್ ಸ್ಕೈಗೆ ಅಂಥ ಬಿಗಿ ಬೇಡ ಎನ್ನುವುದು ಅದರ ಸ್ವಭಾವ. ಅದು ಎಲ್ಲರಿಗೂ ಎಲ್ಲವೂ ಸಿಗಲಿ ಎನ್ನುವ ಆಟ, ವರ್ಷ ವರ್ಷ ಉಚಿತವಾಗಿ ಹೊಸ ಭಾಗಗಳನ್ನು ಕೊಡುತ್ತಲೇ ಬಂದ ತಂಡದ ಕೂಸು. ಆದರೆ ಸಮೃದ್ಧಿ ಮಿತಿ ಮೀರಿದಾಗ ಅಲ್ಲಿ ಯಾರಿಗೂ ಯಾರೂ ಬೇಕಾಗುವುದಿಲ್ಲ. ಇದು ಅದರ ನಿಜವಾದ ದೋಷ ಎಂದು ನನ್ನ ಅಭಿಪ್ರಾಯ, ಮೊದಲ ದಿನಗಳಲ್ಲಿ ಇಬ್ಬರು ಒಬ್ಬರಿಗೊಬ್ಬರು ಕಾಣದೆ ಹೋದದ್ದಕ್ಕಿಂತ ದೊಡ್ಡದು. 2025ರ ಆಗಸ್ಟಿನಲ್ಲಿ ಬಂದ ‘ವಾಯೇಜರ್ಸ್’ ಪರಿಷ್ಕರಣೆ ಇದಕ್ಕೆ ಅರ್ಧ ಉತ್ತರ ಕೊಟ್ಟಿದೆ. ಅದರಲ್ಲಿ ನೆಲದಿಂದ ಅಗೆದು ತೆಗೆದ ಬಿಡಿಭಾಗಗಳಿಂದ, ಒಳಗೆ ಓಡಾಡಬಹುದಾದ ದೊಡ್ಡ ನೌಕೆ ಕಟ್ಟಬಹುದು, ಗೆಳೆಯರನ್ನು ಹತ್ತಿಸಿಕೊಂಡು ಹೋಗಬಹುದು. ಒಬ್ಬ ಓಡಿಸುವಾಗ ಇನ್ನೊಬ್ಬ ಕಿಟಕಿಯಲ್ಲಿ ನಿಲ್ಲುತ್ತಾನೆ. ಉಪಯೋಗದ ಲೆಕ್ಕದಲ್ಲಿ ಕಿಟಕಿಯವನದು ದಂಡದ ಕೆಲಸ. ಮಾತು ಮಾತ್ರ ಅಲ್ಲೇ ಆಗುವುದು.

ಅಳಿಯ ಹೊಸದಾಗಿ, ಸೊನ್ನೆಯಿಂದ, ಇನ್ನೊಂದು ಆಟ ಶುರುಮಾಡಿದ್ದಾನೆ. ಅನಾಮಲಿಗೆ ಹೋದಾಗ ಇತರರ ಸಂಪರ್ಕದ ಗುಂಡಿ ಆರಿಸಿಯೇ ಹೋಗುತ್ತಾನಂತೆ. ಹೋದ ವಾರ ವಾಟ್ಸಾಪಿನಲ್ಲಿ 12 ಚಿಹ್ನೆಗಳ ಚಿತ್ರ ಕಳಿಸಿ, ‘ನೀಲಿ ನೌಕೆ, ನಿಮಗಿಷ್ಟ ಆಗತ್ತೆ ಮಾವ’ ಎಂದು ಬರೆದಿದ್ದ. ನನ್ನಲ್ಲಿ ಇನ್ನೂ ಎರಡು ಚಿಹ್ನೆ ಕಡಿಮೆಯಿತ್ತು. ಮೂರು ಸಂಜೆ ಸಮಾಧಿ ಹುಡುಕಿ, ದ್ವಾರ ದಾಟಿ, ಅಲ್ಲಿನ ನಿಲ್ದಾಣಕ್ಕೆ ಹೋದೆ. ನೌಕೆ ಈವರೆಗೆ ಎರಡು ಸಲ ಬಂದಿದೆ, ಎರಡು ಸಲವೂ ಸಿ ದರ್ಜೆ. ‘ತಗೋಬೇಡಿ, ಕಾಯಿರಿ, ಶನಿವಾರ ನಾನೂ ಬರ್ತೀನಿ’ ಎಂದಿದ್ದಾನೆ.